ಮುಚ್ಚದ ಮೂಲೆಯ ಕೌದಿ

ಪುಣೆ
೨ ಜುಲೈ ೨೦೦೧

ಪ್ರೀತಿಯ ಯಾಸ್ಮೀನ,

ಮುಗಿಯಿತು ನೋಡು! ಜನವರಿಯಿಂದ ನಿದ್ದೆಗೆಟ್ಟು ಮಾಡುತ್ತಿದ್ದ ಚಿತ್ರ ಮೊನ್ನೆ ಶನಿವಾರ ಒಂದು ರೂಪಕ್ಕೆ ಬಂತು. ಒಟ್ಟು ಮೂವತ್ತೆಂಟು ನಿಮಿಷ. ನಿಮ್ಮ ಹಿರೇವಡ್ಡಟ್ಟಿಯ ಹತ್ತಿ ಬೀಜದ ಪ್ಲಾಟುಗಳಿವೆ. ಸಂಜೆ ಮೊಗ್ಗು ಬಿಡಿಸುವ, ಮುಂಜಾನೆ ಗಂಡುಹೂವನ್ನು ಹೆಣ್ಣುಹೂವಿಗೆ ತಿಕ್ಕಿ ದಾರ ಕಟ್ಟುವ ಆ ಸಣ್ಣ ಸಣ್ಣ ಬೆರಳುಗಳಿವೆ. ಶಾಲೆಯಲ್ಲಿ ಹಾಜರಿ ಕೂಗುವ ಹೊತ್ತಿಗೆ ಸಾಲಿನಲ್ಲಿ ಬಗ್ಗಿ ನಿಂತ ಹುಡುಗಿಯರಿದ್ದಾರೆ. ಮತ್ತು ನೀನು ಇದ್ದೀಯ, ನಾಲ್ಕೇ ನಿಮಿಷ.

ಇಲ್ಲಿ ಇಪ್ಪತ್ತು ಮಂದಿ ಗೆಳೆಯರಿಗೆ ತೋರಿಸಿದೆ. ನೀನು ಮಾತನಾಡುವಾಗ ಯಾರೂ ಕೆಮ್ಮಲಿಲ್ಲ ಕೂಡ. “ಮುಂಜಾನಿ ಹುಳದ ಎಣ್ಣಿ ಹೊಡದಿದ್ರು. ಎಲಿ ಇನ್ನಾ ಹಸೀ ಇತ್ತು. ದ್ಯಾಮಿ ನನ್ನ ಮಗ್ಗಲ ಸಾಲಿನ್ಯಾಗ ಇದ್ಲು. ಹಾವು ಇರಲಿಲ್ಲ.” ಹನ್ನೊಂದು ವರ್ಷದ ಹುಡುಗಿಯ ಸಾವನ್ನು ಇಷ್ಟು ಕಡಿಮೆ ಮಾತಿನಲ್ಲಿ ಹೇಳಲು ನನಗೆ ಈ ಜನ್ಮದಲ್ಲಿ ಆಗುವುದಿಲ್ಲ.

ಹೆದರಬೇಡ. ಕಾಣುವುದು ನಿನ್ನ ಬೆನ್ನು ಮಾತ್ರ. ನಿನ್ನ ಚೂಡಿದಾರ ಬಿಡಿಸಿ ಅಮ್ಮನ ಸೀರೆ ಉಡಿಸಿದ್ದು, ತಲೆಯ ಮೇಲೆ ಸೆರಗು ಹೊದಿಸಿದ್ದು ಬಹಳ ಒಳ್ಳೆಯದಾಯಿತು. ಧ್ವನಿಯನ್ನೂ ಬದಲಿಸಿದ್ದೇನೆ. ನೀನೇ ನೋಡಿದರೂ ಯಾರೋ ಮುದುಕಿ ಅನ್ನುತ್ತೀಯ. ನಮ್ಮ ಗದಗ ಜಿಲ್ಲೆಯಲ್ಲಿ ಇದನ್ನು ಎಲ್ಲಿಯೂ ತೋರಿಸುವುದಿಲ್ಲ ಎಂದು ನಿಮ್ಮ ಮನೆಯಲ್ಲಿ ಕೂತು ಕೊಟ್ಟ ಮಾತು ಹಾಗೇ ಇದೆ. ಬೆಟಗೇರಿಯ ಹುಡುಗಿ ನಾನು, ಮಾತಿಗೆ ತಪ್ಪುವವಳಲ್ಲ.

ಒಂದು ತಮಾಷೆ ಕೇಳು. ನಿನ್ನ ಎದುರಿಗೆ ಗೋಡೆಗೆ ಕಟ್ಟಿದ್ದೆವಲ್ಲ ಹಳೇ ಸೀರೆ ತುಂಡುಗಳ ಕೌದಿ, ಇಲ್ಲಿಯವರೆಲ್ಲ ಅದರ ಬಗ್ಗೆಯೇ ಕೇಳುತ್ತಾರೆ. ಎಷ್ಟು ಬಣ್ಣ, ಎಷ್ಟು ಸಣ್ಣ ಹೊಲಿಗೆ, ಎಲ್ಲಿ ಸಿಗುತ್ತದೆ ಎಂದು! ನಿನ್ನ ಅಮ್ಮ ಲಾಲಬಿಯವರಿಗೆ ಹೇಳು, ಪುಣೆಯಲ್ಲಿ ಅವರ ಕೈಗೆ ಹೆಸರು ಬಂದಿದೆ ಎಂದು.

ನಿನ್ನ
ಕಾಂಚನಾ

*

ಹಿರೇವಡ್ಡಟ್ಟಿ
೧೬ ಜುಲೈ ೨೦೦೧

ಕಾಂಚನಾ ಅಕ್ಕನವರಿಗೆ ಯಾಸ್ಮೀನ ಮಾಡುವ ಸಲಾಂ.

ನಾವು ಇಲ್ಲಿ ಕ್ಷೇಮ. ನನ್ನ ಅಕ್ಷರ ಚಂದ ಎಂದು ನೀವು ಹೇಳಿದ್ದಿರಿ, ಅದಕ್ಕೆ ಎಸೆಸೆಲ್ಸಿ ಪರೀಕ್ಷೆಗೆ ಬರೆದಂತೆ ಶುದ್ಧವಾಗಿ ಬರೆಯುತ್ತಿದ್ದೇನೆ. ತಪ್ಪಿದ್ದರೆ ನಗಬಾರದು.

ಅಕ್ಕಾ, ಮೊದಲು ಒಂದು ಮಾತು. ಪತ್ರವನ್ನು ಸೀದಾ ಊರಿಗೆ ಹಾಕಬೇಡಿರಿ. ನಮ್ಮೂರಿನ ಟಪಾಲು ಬಂದು ಇಳಿಯುವುದು ಪುಂಡಲೀಕಪ್ಪನವರ ಮನೆಯ ಕಟ್ಟೆಯ ಮೇಲೆ. ನಿಮ್ಮ ಪಾಕೀಟನ್ನು ಅವರೇ ಎತ್ತಿ ನನಗೆ ಕೊಟ್ಟರು. “ಪುಣೇದಾಗ ಯಾರದಾರಬೇ ನಿಮಗ?” ಎಂದು ಕೇಳಿದರು. ಕೌದಿ ಕೊಳ್ಳುವವರು ಎಂದೆ. ಅವರು ನಕ್ಕರು. ನಾನು ಪಾಕೀಟನ್ನು ದುಪಟ್ಟಾದಲ್ಲಿ ಸುತ್ತಿಕೊಂಡು ಬಂದೆ. ಎಸ್‌ಟಿಡಿ ಬೂತು ಅವರ ತಮ್ಮನದು, ಆದ್ದರಿಂದ ಫೋನು ಸಹ ಬೇಡ. ಮುಂಡರಗಿಯಲ್ಲಿ ಗೌಸಸಾಬ ಮಾಮಾನ ಟೇಲರ್ ಅಂಗಡಿ ಇದೆ. ಅಮ್ಮನ ಕೌದಿಗೆ ಚಿಂದಿ ಬರುವುದು ಅಲ್ಲಿಂದಲೇ. ಅವರ ಹೆಸರಿಗೆ ಬರೆಯಿರಿ, ಚಿಂದಿ ಗಂಟಿನೊಳಗೆ ಇಟ್ಟು ಕಳಿಸುತ್ತಾರೆ.

ಇನ್ನೊಂದು ಮಾತು. ಕೌದಿ ಕಾಣುತ್ತದೆ ಎಂದು ಬರೆದಿದ್ದೀರಿ. ಅದನ್ನು ಓದಿದಾಗಿನಿಂದ ನನಗೆ ಊಟ ಸೇರುತ್ತಿಲ್ಲ. ಬರಿ ಗೋಡೆ ಸಪ್ಪೆ ಕಾಣುತ್ತದೆ, ಬಣ್ಣದ್ದು ಏನಾದರೂ ಕೊಡು ಎಂದು ನೀವು ಅಂದಿರಿ. ಬಂದ ಅತಿಥಿ ಕೇಳುವಾಗ ಹಳೆಯದು ಹೇಗೆ ಕೊಡುವುದೆಂದು ಹಗ್ಗದ ಮೇಲಿದ್ದ ಹೊಸ ಕೌದಿ ತೆಗೆದೆ. ಅದು ನಮ್ಮದಲ್ಲ. ಅಮ್ಮ ಗದಿಗೆವ್ವ ಆಯಿಗೆ ಹೊಲಿದುಕೊಟ್ಟದ್ದು. ಗದಿಗೆವ್ವ ಯಾರೆಂದು ನಿಮಗೆ ಗೊತ್ತಿದೆ, ಸತ್ತ ದ್ಯಾಮಿಯ ಅಜ್ಜಿ. ನೀವು ಎರಡು ಸಲ ಹೋದರೂ ಬಾಯಿ ಬಿಡದೆ ಕೂತವಳು. ಅವಳ ಗುಡಿಸಲು ಇರುವುದು ಪುಂಡಲೀಕಪ್ಪನವರ ಜಾಗದಲ್ಲಿ. ಕಂಪನಿಯ ಪರವಾಗಿ ಬೀಜದ ಪ್ಲಾಟುಗಳನ್ನೆಲ್ಲ ನಡೆಸುವ ಆರ್ಗನೈಜರು ಅವರೇ. ಎಣ್ಣೆಯ ವಿಷಕ್ಕೆ ಸತ್ತವಳನ್ನು ಅವರು ಹಾವು ಕಡಿದಿದೆ ಅಂದರು, ಅವಳು ಹೂಂ ಅಂದಳು.

ದ್ಯಾಮಿ ತೀರಿಕೊಂಡ ತಿಂಗಳಿಗೆ ಅವಳ ಲಂಗಗಳನ್ನು ಮತ್ತು ತನ್ನ ಹಳೆಯ ಸೀರೆಗಳನ್ನು ಗಂಟು ಕಟ್ಟಿ ತಂದು ಅಮ್ಮನ ಮುಂದೆ ಇಟ್ಟು ಹೋದಳು. ಕೌದಿ ಹೊಲಿದಾಗಿದೆ, ಇವತ್ತಿಗೂ ಒಯ್ಯಲು ಬಂದಿಲ್ಲ.

ದಯವಿಟ್ಟು ಆ ಭಾಗವನ್ನು ಕತ್ತರಿಸಿರಿ.

ನಿಮ್ಮ ತಂಗಿ
ಯಾಸ್ಮೀನ

*

ಪುಣೆ
೩೦ ಜುಲೈ ೨೦೦೧

ಪ್ರೀತಿಯ ಯಾಸ್ಮೀನ,

ಗೌಸಸಾಬರ ವಿಳಾಸಕ್ಕೇ ಬರೆಯುತ್ತಿದ್ದೇನೆ. ನೀನು ಹೇಳಿದಂತೆ ಆಯಿತಲ್ಲ, ಇನ್ನಾದರೂ ಊಟ ಮಾಡು.

ಕೌದಿಯ ಮಾತು. ಯಾಸ್ಮೀನ, ಆ ಭಾಗ ಕತ್ತರಿಸಿದರೆ ಚಿತ್ರದ ಎದೆಯನ್ನೇ ಕತ್ತರಿಸಿದಂತೆ. ಉಳಿದದ್ದೆಲ್ಲ ಬರೀ ಅಂಕಿಸಂಖ್ಯೆ ಆಗಿಬಿಡುತ್ತದೆ. ಮುಖ ತೋರಿಸಿಲ್ಲ, ಹೆಸರು ಹೇಳಿಲ್ಲ, ಊರಿನ ಹೆಸರೂ ಇಲ್ಲ. ಹಾಸಿ ಹೊದೆಯುವ ಕೌದಿ ಪ್ರತಿ ಮನೆಯಲ್ಲೂ ಇರುತ್ತದೆ. ನಮ್ಮ ಬೆಟಗೇರಿ ಮನೆಯಲ್ಲೂ ಅಟ್ಟದ ಮೇಲೆ ಆರೇಳು ಬಿದ್ದಿವೆ, ಯಾವುದು ಯಾರದೆಂದು ಕೇಳಿದರೆ ನನಗೆ ಗೊತ್ತಿಲ್ಲ.

ಮೊದಲ ಸಲ ಕ್ಯಾಮೆರಾ ಮುಂದೆ ಮಾತನಾಡಿದ ಎಲ್ಲರಿಗೂ ಆಮೇಲೆ ಹೀಗೆ ಅಳುಕು ಬರುತ್ತದೆ. ಹತ್ತು ವರ್ಷದಿಂದ ನೋಡುತ್ತಾ ಬಂದಿದ್ದೇನೆ. ನಾಲ್ಕು ದಿನ ಕಳೆದರೆ ಹೋಗುತ್ತದೆ.

ಮುಂದಿನ ವಾರ ದಿಲ್ಲಿಯಲ್ಲಿ ಪ್ರದರ್ಶನ. ಮಕ್ಕಳ ದುಡಿಮೆಯ ಬಗ್ಗೆ ಕೆಲಸ ಮಾಡುವ ದೊಡ್ಡ ದೊಡ್ಡವರು ಬರುತ್ತಾರೆ. ನಿನ್ನ ನಾಲ್ಕು ನಿಮಿಷ ಎಲ್ಲಿಯವರೆಗೆ ಹೋಗುತ್ತದೆ ನೋಡುತ್ತಿರು!

ನಿನ್ನ
ಕಾಂಚನಾ

*

ಹಿರೇವಡ್ಡಟ್ಟಿ
೨೦ ಆಗಸ್ಟ್ ೨೦೦೧

ಕಾಂಚನಾ ಅಕ್ಕನವರಿಗೆ ಸಲಾಂ.

ಹೂವಿಗೆ ಹೂವು ತಿಕ್ಕುವ ಕ್ರಾಸಿಂಗ್ ಶುರುವಾಗಿದೆ. ನಾನೂ ಪುಂಡಲೀಕಪ್ಪನವರ ಪ್ಲಾಟಿಗೇ ಹೋಗುತ್ತಿದ್ದೇನೆ. ಹೋಗದಿದ್ದರೆ ಯಾಕೆ ಬರಲಿಲ್ಲ ಎಂದು ಕೇಳುತ್ತಾರೆ. ದ್ಯಾಮಿ ಬಿದ್ದ ಸಾಲು ಈ ಸಲ ನನ್ನ ಪಾಲಿಗೇ ಬಂದಿದೆ. ಎಲೆ ಮುಟ್ಟುವಾಗಲೆಲ್ಲ ಬೆರಳು ಮೂಸಿ ನೋಡುತ್ತೇನೆ.

ಅಕ್ಕಾ, ನೀವು ಬೆಟಗೇರಿಯ ದೊಡ್ಡ ಮನೆಯಲ್ಲಿ ಬೆಳೆದವರು. ಕೌದಿ ನಿಮಗೆ ಅಟ್ಟದ ಮೇಲಿನ ಹಾಸಿಗೆ. ಸಿಟ್ಟು ಮಾಡಬೇಡಿರಿ, ಇದ್ದದ್ದು ಹೇಳುತ್ತಿದ್ದೇನೆ. ನಮ್ಮಲ್ಲಿ ಯಾರ ಮನೆಗೆ ಹೋದರೂ ಕೂಡ್ರಲು ಕೌದಿ ಹಾಸುತ್ತಾರೆ. ಕೂತ ಹೆಂಗಸು ಚಹಾ ಬರುವುದರೊಳಗೆ ಬೆರಳಿಟ್ಟು ಕೇಳುತ್ತಾಳೆ: “ಇದು ನಿಮ್ಮತ್ತಿ ಸೀರಿ ಅಲ್ಲೇನವಾ? ಇದು ಸಣ್ಣಾಕಿ ತೊಟ್ಟಲದಾಗಿಂದಲ್ಲ?” ಊರಿನ ಬಟ್ಟೆಯೆಲ್ಲ ಊರಿನ ಹೆಂಗಸರಿಗೆ ಬಾಯಿಪಾಠ. ಆ ಕೌದಿಯ ನಡುವೆ ನವಿಲು ಬಣ್ಣದ ಪಟ್ಟಿ ಇದೆಯಲ್ಲ, ಅದು ಪುಂಡಲೀಕಪ್ಪನವರ ಹೆಂಡತಿ ಉಟ್ಟು ಬಿಟ್ಟ ಸೀರೆ. ಗದಿಗೆವ್ವ ಅವರ ಮನೆಯಲ್ಲಿ ಮುಸುರೆ ತಿಕ್ಕುವಾಗ ಕೊಟ್ಟದ್ದು.

ಇಷ್ಟೇ ಆಗಿದ್ದರೆ ಹೇಗೋ ಇರಲಿ ಅನ್ನಬಹುದಿತ್ತು. ಇನ್ನೊಂದಿದೆ. ಕೌದಿ ಹೊಲಿದ ಮೇಲೆ ಅಮ್ಮ ಒಂದು ಮೂಲೆಯನ್ನು ಮುಚ್ಚುವುದಿಲ್ಲ. ಒಯ್ಯುವ ಮನೆಯವರು ತಮ್ಮ ಒಲೆಯ ರೊಟ್ಟಿಯ ಒಂದು ಚೂರು ತರಬೇಕು, ಅದನ್ನು ಆ ಮೂಲೆಯೊಳಗೆ ಇಟ್ಟು ಅವರೆದುರಿಗೇ ಹೊಲಿಯಬೇಕು. ಕೌದಿಯ ಹೊಟ್ಟೆ ತುಂಬಿಸುವುದು ಅನ್ನುತ್ತಾರೆ. ಹಸಿದ ಕೌದಿ ಮನೆಗೆ ಹೋಗಬಾರದು. ಗದಿಗೆವ್ವ ರೊಟ್ಟಿ ತಂದಿಲ್ಲ, ಆದ್ದರಿಂದ ಆ ಮೂಲೆ ತೆರೆದೇ ಇದೆ. ಮೂಲೆ ತೆರೆದಿದ್ದರೆ ಕೌದಿ ಹೊಲಿಯುವವರ ಮನೆಯಲ್ಲೇ ಇದೆ ಎಂದು ಅರ್ಥ. ಹೊಲಿಯುವವರ ಮನೆ ಅಂದರೆ ನಮ್ಮ ಮನೆ.

ಚಿತ್ರದಲ್ಲಿ ಆ ಮೂಲೆ ಕಾಣುತ್ತದೆಯೋ ಇಲ್ಲವೋ? ಎಡಗಡೆಯ ಕೆಳಗಿನ ಮೂಲೆ. ನೋಡಿ ಖರೆ ಹೇಳಿರಿ. ನಾನು ಮನೆಯಲ್ಲಿ ಏನೂ ಹೇಳಿಲ್ಲ, ಅಮ್ಮ ಮೊದಲೇ ಎದೆನೋವಿನವಳು.

ಯಾಸ್ಮೀನ

*

ಹಿರೇವಡ್ಡಟ್ಟಿ
೯ ಸೆಪ್ಟೆಂಬರ್ ೨೦೦೧

ಅಕ್ಕಾ,

ನಿಮ್ಮ ಉತ್ತರ ಬರಲಿಲ್ಲ. ಮೂರು ಸಲ ಚಿಂದಿ ಗಂಟು ಬಿಚ್ಚಿ ಹುಡುಕಿದೆ.

ಕ್ಯಾಸೆಟ್ ಇಲ್ಲಿಗೆ ಬಂದಿದೆ. ಗದಗಿನಲ್ಲಿ ಕೇಬಲ್ ಟಿವಿಯಲ್ಲಿ ಹಾಕಿದರಂತೆ. ಅಲ್ಲಿಂದ ಮುಂಡರಗಿಗೆ, ಮುಂಡರಗಿಯಿಂದ ಪುಂಡಲೀಕಪ್ಪನವರ ಮನೆಗೆ. ನೀವು ಮಾತು ಕೊಟ್ಟಿದ್ದಿರಿ. ನಮ್ಮ ಮನೆಯ ನೆಲದ ಮೇಲೆ ಕೂತು, ಅಮ್ಮನ ಕೈಯ ಚಹಾ ಕುಡಿದು ಮಾತು ಕೊಟ್ಟಿದ್ದಿರಿ.

ಮೊನ್ನೆ ಶುಕ್ರವಾರ ಅವರ ಪಡಸಾಲೆಯಲ್ಲಿ ಟಿವಿ ಇಟ್ಟು ಊರಿಗೆಲ್ಲ ಕರೆದರು. ಗಂಡಸರು ಮುಂದೆ, ಹೆಂಗಸರು ಬಾಗಿಲಲ್ಲಿ. ನಾನು ಹೋಗಲಿಲ್ಲ, ಜ್ವರ ಅಂದೆ. ಖರೆಯಾಗಿಯೂ ಮೈ ಬಿಸಿಯಾಗಿತ್ತು. ಅಮ್ಮ ಹೋಗಿದ್ದಳು. ಬಂದವಳು ನೆಲದ ಮೇಲೆ ಕೂತಳು. ಕೌದಿ ಕಟ್ಟಿದ್ದ ಗೋಡೆಯನ್ನೇ ನೋಡುತ್ತ, “ಬೆಟಗೇರಿಯಾಕಿನ ಕೌದಿ ಕೇಳಿದ್ಲಾ, ನೀನ ತಗದಕೊಟ್ಟಿಯಾ?” ಅಂದಳು. ಇಷ್ಟೇ ಅಂದಳು.

ಅಲ್ಲಿ ನಡೆದದ್ದು ಇದು. ಕೌದಿ ಕಂಡ ಕೂಡಲೇ ಪುಂಡಲೀಕಪ್ಪನವರ ಹೆಂಡತಿ ಎದ್ದು ನಿಂತು, “ಅಯ್ಯ, ಇದು ನನ್ನ ನವಿಲ ಬಣ್ಣದ ಸೀರಿ! ಗದಿಗೆವ್ವಗ ಕೊಟ್ಟಿದ್ದು!” ಅಂದುಬಿಟ್ಟರಂತೆ. ಆಮೇಲೆ ಬಾಯಿಗೆ ಸೆರಗು ಒತ್ತಿಕೊಂಡು ಕೂತವರು ಮಾತೇ ಆಡಲಿಲ್ಲವಂತೆ. ಎಲ್ಲರ ಕಣ್ಣೂ ಗದಿಗೆವ್ವನ ಮೇಲೆ. ಬೆನ್ನು ಹಾಕಿ ಕೂತವಳು, ಸೆರಗು ಹೊದ್ದವಳು, ಮುದುಕಿಯ ಧ್ವನಿ, ಅವಳ ಕೌದಿ. ಅವಳೂ ಆ ದಿನ ಅದೇ ಪ್ಲಾಟಿನಲ್ಲಿದ್ದಳು. ಇನ್ನೇನು ಬೇಕು?

ನಾ ಏನ ಮಾಡ್ಲಿ ಅಕ್ಕಾ? ಅಕ್ಷರ ನೆಟ್ಟಗ ಬರವಲ್ಲವು. ಪುಂಡಲೀಕಪ್ಪನವರ ಜೀಪಿನ ಸಪ್ಪಳ ಕೇಳಿದ್ರ ನೀರ ಕೊಡದ ಹಿಂದ ಹೋಗಿ ಕುಂಡ್ರತೀನಿ, ಎಂಥಾ ಹುಡುಗಿ ಹೆಂಗ ಆಗೇನಿ. ಕೌದೀನ ಸಗಣಿ ಕುಳ್ಳಿನ ಬಣವಿಯೊಳಗ ಹುಗದಿಟ್ಟೀವಿ. ಜಲ್ದಿ ಬರೀರಿ.

ಯಾಸ್ಮೀನ

*

ಪುಣೆ
೧೫ ಸೆಪ್ಟೆಂಬರ್ ೨೦೦೧

ಯಾಸ್ಮೀನ,

ಪತ್ರ ಈಗಷ್ಟೇ ಬಂತು, ನಿಂತಲ್ಲೇ ಬರೆಯುತ್ತಿದ್ದೇನೆ. ಕ್ಯಾಸೆಟ್ ಅಲ್ಲಿಗೆ ಹೇಗೆ ಹೋಯಿತೋ ನನಗೆ ಗೊತ್ತಿಲ್ಲ. ದಿಲ್ಲಿಯಲ್ಲಿ ಯಾರಾದರೂ ನಕಲು ಮಾಡಿಕೊಂಡಿರಬಹುದು. ವಿಚಾರಿಸುತ್ತೇನೆ.

ಈಗ ನನ್ನ ಮಾತು ಕೇಳು. ನೀನು ಯಾರಿಗೂ ಏನೂ ಹೇಳಬೇಡ. ಗದಿಗೆವ್ವನ ಮನೆಯ ಕಡೆ ಹಾಯಬೇಡ. ಎಂದಿನಂತೆ ಪ್ಲಾಟಿಗೆ ಹೋಗಿ ಬಾ. ಹೇಳಿದವಳು ಅವಳೇ ಎಂದು ಅವರು ತಿಳಿದಿದ್ದರೆ ಸದ್ಯಕ್ಕೆ ಹಾಗೇ ತಿಳಿದಿರಲಿ. ವಯಸ್ಸಾದವಳು, ಮೊಮ್ಮಗಳನ್ನು ಕಳೆದುಕೊಂಡವಳು, ಅವಳಿಗೆ ಏನು ಮಾಡುತ್ತಾರೆ? ನಾಲ್ಕು ಬೈದು ಬಿಡುತ್ತಾರೆ. ನೀನು ಇಪ್ಪತ್ತೆರಡು ವರ್ಷದವಳು, ಮನೆಯಲ್ಲಿ ಗಂಡುದಿಕ್ಕಿಲ್ಲ. ನಿನ್ನ ಮೇಲೆ ಬಂದರೆ ಅದು ಬೈಗುಳದಲ್ಲಿ ನಿಲ್ಲುವುದಿಲ್ಲ.

ಬೇಕಾದರೆ ಅಮ್ಮನನ್ನು ಕರೆದುಕೊಂಡು ಲಕ್ಷ್ಮೇಶ್ವರದಲ್ಲಿ ನಿಮ್ಮ ನಜಮಾ ಚಿಕ್ಕಮ್ಮನ ಮನೆಗೆ ಹೋಗಿ ಕೂಡು. ಅಲ್ಲಿಂದ ನನಗೆ ಫೋನು ಮಾಡು.

ಕಾಂಚನಾ

*

ಹಿರೇವಡ್ಡಟ್ಟಿ
೨೪ ಸೆಪ್ಟೆಂಬರ್ ೨೦೦೧

ಅಕ್ಕಾ,

“ಅವಳಿಗೆ ಏನು ಮಾಡುತ್ತಾರೆ” ಎಂದು ಕೇಳಿದ್ದಿರಲ್ಲ, ಬರೆಯುತ್ತೇನೆ.

ಮೊದಲು ಕರೆದು ಕೂರಿಸಿ ನಯವಾಗಿ ಹೇಳಿದರು. ಗದಗಿನಿಂದ ಒಬ್ಬ ಕ್ಯಾಮೆರಾದವನನ್ನು ಕರೆಸುತ್ತೇವೆ, ಹಾವೇ ಕಡಿದದ್ದು, ಬೆಟಗೇರಿಯಾಕೆ ಹೇಳಿಕೊಟ್ಟದ್ದನ್ನು ನಾನು ಹೇಳಿದೆ ಎಂದು ಮುಖ ತೋರಿಸಿ ಹೇಳು, ಮುಗಿಯಿತು. ಅವಳು ನೆಲ ನೋಡುತ್ತ ಕೂತಿದ್ದಳಂತೆ. ಆಗ ಪುಂಡಲೀಕಪ್ಪನವರು ಕೇಳಿದರು: “ಹಾವು ಇರಲಿಲ್ಲಂತ ಹೇಳಿದಾಕಿ ನೀನ ಏನು?”

ಅವಳು ಹೌದು ಅಂದಳಂತೆ.

ಅವಳು ಯಾಕೆ ಹಾಗೆ ಅಂದಳು? ಬಡಿದು ಹೇಳಿಸಿದ್ದಾರೆ, ಇಲ್ಲದಿದ್ದರೆ ಹೆದರಿ ಬುದ್ಧಿ ಕೆಟ್ಟಿದೆ. ಇವೆರಡನ್ನು ಬಿಟ್ಟು ಬೇರೆ ನನಗೆ ತೋಚುತ್ತಿಲ್ಲ. ಮೂರನೆಯ ದಿನ ಆಳುಗಳು ಬಂದು ಅವಳ ಗುಡಿಸಲಿನ ತಗಡು ಬಿಚ್ಚಿಕೊಂಡು ಹೋದರು. ಜಾಗ ನಮ್ಮದು, ತಗಡೂ ನಮ್ಮದು ಅಂದರು. ನಾಲ್ಕು ಗೋಡೆ ನಿಂತಿವೆ, ನಡುವೆ ಅವಳ ಒಲೆ ಕಾಣುತ್ತದೆ. ಅವಳನ್ನು ಕೂಲಿಗೆ ಕರೆಯಬಾರದೆಂದು ಹೇಳಿಸಿದ್ದಾರೆ.

ನಿನ್ನೆ ಪ್ಲಾಟಿಗೆ ಹೋಗುವಾಗ ಅವಳು ಅಂಗಳದಲ್ಲಿ ನಿಂತಿದ್ದಳು. ನನ್ನನ್ನು ನೋಡಿದಳು. ನಾನು ದುಪಟ್ಟಾ ಮುಂದೆ ಎಳೆದುಕೊಂಡು ದಾಟಿ ಹೋದೆ. ನೀವು ಹೇಳಿದ ಹಾಗೇ ಮಾಡಿದೆ, ಸಮಾಧಾನವಾಯಿತೇ? ಆಮೇಲೆ ಹತ್ತಿಯ ಸಾಲಿನಲ್ಲಿ ಕಟ್ಟಿದ ಹೂವಿಗೇ ಮತ್ತೆ ಮತ್ತೆ ದಾರ ಕಟ್ಟಿದೆ.

ಲಕ್ಷ್ಮೇಶ್ವರಕ್ಕೆ ಹೋಗುವುದಿಲ್ಲ. ಮನೆ ಬೀಗ ಹಾಕಿದ ದಿನವೇ ಅವರಿಗೆ ತಿಳಿಯುತ್ತದೆ. ಇದ್ದರೂ ಅಂಜಿಕೆ, ಹೋದರೂ ಅಂಜಿಕೆ. ಇದರೊಳಗ ನನಗ ನಂದ ಹೇಸಿಗಿ ಬರಾಕತ್ತೈತಿ ಅಕ್ಕಾ.

ಆ ಮೂಲೆ ಕಾಣುತ್ತದೆಯೇ ಎಂದು ಕೇಳಿದ್ದೆ. ನೀವು ಅದಕ್ಕೆ ಉತ್ತರವನ್ನೇ ಕೊಡಲಿಲ್ಲ.

ಯಾಸ್ಮೀನ

*

ಪುಣೆ
೩ ಅಕ್ಟೋಬರ್ ೨೦೦೧

ಯಾಸ್ಮೀನ,

ಈ ಪತ್ರವನ್ನು ನಾಲ್ಕು ಸಲ ಹರಿದು ಬರೆಯುತ್ತಿದ್ದೇನೆ. ನನ್ನ ಬಗ್ಗೆ ಇದ್ದ ಮರ್ಯಾದೆ ನಿನಗೆ ಇನ್ನೂ ಸ್ವಲ್ಪ ಉಳಿದಿದ್ದರೆ ಇದನ್ನು ಓದಿದ ಮೇಲೆ ಉಳಿಯುವುದಿಲ್ಲ. ಆದರೂ ಹೇಳಬೇಕು.

ಕ್ಯಾಸೆಟ್ ದಿಲ್ಲಿಯಿಂದ ಹೋಗಲಿಲ್ಲ. ನಾನೇ ಕೊಟ್ಟೆ. ಜುಲೈ ಕೊನೆಗೆ ಅಪ್ಪ ಪುಣೆಗೆ ಬಂದಿದ್ದರು. ನಿನಗೆ ಗೊತ್ತಲ್ಲ, ನಮ್ಮದು ಬೆಟಗೇರಿಯಲ್ಲಿ ಮೂರು ತಲೆಮಾರಿನ ಸೀರೆ ವ್ಯಾಪಾರ. ಮದುವೆ ಬಿಟ್ಟು ಕ್ಯಾಮೆರಾ ಹೊತ್ತು ತಿರುಗುವ ಮಗಳೆಂದು ಹತ್ತು ವರ್ಷ ನನ್ನ ಹೆಸರನ್ನು ಅಂಗಡಿಯಲ್ಲಿ ಎತ್ತಿದವರಲ್ಲ. ಈ ಚಿತ್ರ ನೋಡಿ ಅತ್ತರು. “ಒಂದು ಕ್ಯಾಸೆಟ್ ಕೊಡವಾ, ನಿಮ್ಮ ಕಾಕಾಗ ತೋರಸ್ತೀನಿ” ಅಂದರು. ಇಲ್ಲ ಅನ್ನಲು ನನ್ನಿಂದ ಆಗಲಿಲ್ಲ. ಅವರು ಕಾಕಾನಿಗೆ ತೋರಿಸಿದರು, ಕಾಕಾ ಓಣಿಗೆ ತೋರಿಸಿದ, ಓಣಿಯ ಕೇಬಲ್‌ನವನು ಗದಗ-ಬೆಟಗೇರಿಗೆಲ್ಲ ತೋರಿಸಿದ. ಅಪ್ಪನೇ ಹೆಮ್ಮೆಯಿಂದ ಫೋನು ಮಾಡಿ ಹೇಳಿದರು. ಅದು ಆಗಸ್ಟ್ ಇಪ್ಪತ್ತೊಂಬತ್ತು. ನಿನ್ನ ಸೆಪ್ಟೆಂಬರ್ ಪತ್ರ ಬರುವ ಮೊದಲೇ ನನಗೆ ಗೊತ್ತಿತ್ತು. ಗೊತ್ತಿದ್ದೂ ಸುಳ್ಳು ಬರೆದೆ.

ಮೂಲೆ ಕಾಣುತ್ತದೆ. ನಿನ್ನ ಆಗಸ್ಟ್ ಪತ್ರ ಓದಿದ ದಿನವೇ ನಿಲ್ಲಿಸಿ ನಿಲ್ಲಿಸಿ ನೋಡಿದೆ. ಎಡಗಡೆ ಕೆಳಗೆ, ಒಂದು ಗೇಣು ಹೊಲಿಗೆಯಿಲ್ಲದೆ ಬಾಯಿ ಬಿಟ್ಟುಕೊಂಡಿದೆ. ಚೆನ್ನಾಗಿ ಕಾಣುತ್ತದೆ. ಕಾಣುತ್ತದೆ ಎಂದು ಬರೆದರೆ ನೀನು ಹೆದರುತ್ತೀಯ, ಕಾಣುವುದಿಲ್ಲ ಎಂದರೆ ಸುಳ್ಳಾಗುತ್ತದೆ ಎಂದು ಸುಮ್ಮನಿದ್ದೆ. ಇದೂ ಪೂರ್ತಿ ನಿಜವಲ್ಲ. ಹೇಳಿದರೆ ನೀನು ಮತ್ತೆ ಆ ನಾಲ್ಕು ನಿಮಿಷ ಕತ್ತರಿಸು ಅನ್ನುತ್ತಿದ್ದೆ. ನನಗೆ ಕತ್ತರಿಸಲು ಮನಸ್ಸಿರಲಿಲ್ಲ.

ಗದಿಗೆವ್ವನ ಬಗ್ಗೆ ನಾನು ಬರೆದ ಮಾತನ್ನು ನೆನೆದರೆ ನಾಚಿಕೆಯಾಗುತ್ತದೆ. ಬೇರೆಯವರ ನೋವನ್ನು ತೋರಿಸಲು ಕ್ಯಾಮೆರಾ ಹಿಡಿದವಳು ನಾನು, ಒಬ್ಬ ಮುದುಕಿಯನ್ನು ಅಡ್ಡ ನಿಲ್ಲಿಸಿ ನಿನ್ನನ್ನು ಉಳಿಸಲು ನೋಡಿದೆ. ನಿನ್ನನ್ನೂ ಅಲ್ಲ, ನನ್ನನ್ನೇ.

ನಾನು ಬರುತ್ತೇನೆ. ಪುಂಡಲೀಕಪ್ಪನ ಮುಂದೆ ನಿಂತು ತಪ್ಪು ನನ್ನದು ಎಂದು ಹೇಳುತ್ತೇನೆ. ಯಾವಾಗ ಬರಲಿ ಹೇಳು. ನನಗೂ ಅಂಜಿಕೆ ಇದೆ, ಅದನ್ನೂ ಮುಚ್ಚಿಡುವುದಿಲ್ಲ.

ಕಾಂಚನಾ

*

ಹಿರೇವಡ್ಡಟ್ಟಿ
೧೪ ಅಕ್ಟೋಬರ್ ೨೦೦೧

ಅಕ್ಕಾ,

ನಿಮ್ಮ ಪತ್ರವನ್ನು ಓದಿ ಸಿಟ್ಟಿನಿಂದ ಒಲೆಗೆ ಹಾಕಲು ಹೋದೆ. ಅಮ್ಮ ಕಸಿದುಕೊಂಡಳು, ಓದಲು ಬಾರದಿದ್ದರೂ ಮಡಚಿ ಟ್ರಂಕಿನಲ್ಲಿ ಇಟ್ಟಳು. ನಿಮ್ಮ ಮೇಲಿನ ಸಿಟ್ಟು ಇನ್ನೂ ಇದೆ, ಇರುತ್ತದೆ. ಈಗ ನಿನ್ನೆ ನಡೆದದ್ದನ್ನು ಕೇಳಿರಿ.

ಮಧ್ಯಾಹ್ನ ಉಣ್ಣಲು ಕೂತಿದ್ದೆವು. ಬಾಗಿಲಲ್ಲಿ ನೆರಳು ಬಿತ್ತು. ಪುಂಡಲೀಕಪ್ಪನವರ ಆಳುಗಳೇ ಬಂದರು ಅಂದುಕೊಂಡೆ. ನೋಡಿದರೆ ಗದಿಗೆವ್ವ ಆಯಿ. ಕೈಯಲ್ಲಿ ಅರಿವೆಯಲ್ಲಿ ಸುತ್ತಿದ ಒಂದು ರೊಟ್ಟಿ.

“ಲಾಲಬಿ, ನನ್ನ ಕೌದಿ ಕೊಡವಾ. ಹೊಟ್ಟಿ ತುಂಬಸಾಕ ಬಂದೀನಿ.”

ಅಮ್ಮ ಹಿತ್ತಲಿಗೆ ಹೋಗಿ ಕುಳ್ಳಿನ ಬಣವೆಯಿಂದ ಕೌದಿ ತೆಗೆದು ಜಾಡಿಸಿ ತಂದಳು. ಆಯಿ ಅದನ್ನು ತೊಡೆಯ ಮೇಲೆ ಹರಡಿಕೊಂಡು ದ್ಯಾಮಿಯ ಹಳದಿ ಲಂಗದ ತುಂಡಿನ ಮೇಲೆ ಕೈ ಇಟ್ಟಳು, ಮೂಗಿಗೆ ಹಿಡಿದಳು. “ಕುಳ್ಳಿನ ನಾತ ಹೊಡೀತೈತಲ್ಲಬೇ” ಎಂದು ನಕ್ಕಳು. ಯಪ್ಪಾ, ಆ ಹೊತ್ತಿನಲ್ಲಿ ನಗುತ್ತಾಳೆ!

ನನ್ನಿಂದ ತಡೆಯಲು ಆಗಲಿಲ್ಲ. ಕಾಲ ಮೇಲೆ ಬಿದ್ದು, “ಆಯಿ, ಅದು ನೀ ಅಲ್ಲ, ನಾನು. ಹೇಳಿದಾಕಿ ನಾನು” ಅಂದೆ.

“ಗೊತ್ತೈತಿ ಏಳ.”

“ಗೊತ್ತೈತಿ?”

“ಮೂಲಿ ತೆರದಿತ್ತಲ್ಲ ಹುಚ್ಚಿ. ಕೌದಿ ಇನ್ನಾ ಲಾಲಬಿ ಮನ್ಯಾಗ ಐತಿ ಅಂತ ನೋಡಿದ ಕೂಡ್ಲೆ ತಿಳೀತು. ನನಗ ಅಷ್ಟ ಅಲ್ಲ, ಬಾಗಲದಾಗ ನಿಂತ ಹೆಣಮಕ್ಕಳಿಗೆಲ್ಲಾ ತಿಳೀತು. ಗಂಡಸರು ಸೀರಿ ಕೇಳಿದ್ರು, ಮೂಲಿ ನೋಡಲಿಲ್ಲ.”

“ಪುಂಡಲೀಕಪ್ಪನವರ ಮನಿಯಾಕಿಗೂ?”

“ಸೀರಿ ಗುರ್ತ ಹಿಡದ ಒದರಿದಾಕಿನೂ ಆಕಿನ, ಮೂಲಿ ನೋಡಿ ಬಾಯಿಗೆ ಸೆರಗ ತುರಕೊಂಡಾಕಿನೂ ಆಕಿನ. ನನ್ನ ಕಡೆ ಹೊಳ್ಳಿ ನೋಡಿದ್ಲು, ಕಣ್ಣಾಗ ನೀರ ತಂದ್ಲು. ಇವತ್ತಿಗೂ ಗಂಡಗ ಹೇಳಿಲ್ಲ.”

ಅಕ್ಕಾ, ಐದು ವಾರ ನಾನು ಜೀವ ಕೈಯಲ್ಲಿ ಹಿಡಿದು ತಿರುಗಿದ್ದೆ, ಯಾರಿಗೂ ಗೊತ್ತಾಗಬಾರದು ಎಂದು. ನಳದ ಹತ್ತಿರ ಕೊಡ ಎತ್ತಿಕೊಟ್ಟವರಿಗೆ, ಪ್ಲಾಟಿನಲ್ಲಿ ನನ್ನ ಪಕ್ಕದ ಸಾಲಿನವರಿಗೆ, ಎಲ್ಲರಿಗೂ ಗೊತ್ತಿತ್ತು. ಒಬ್ಬಳೂ ಬಾಯಿ ಬಿಡಲಿಲ್ಲ.

ನಾನು ಕೇಳಿದೆ: “ಮತ್ತ ನೀ ಯಾಕ ಹೌದಂದಿ ಆಯಿ? ಹೊಡದ್ರೇನು?”

“ಯಾರೂ ಹೊಡೀಲಿಲ್ಲ. ಅಂವ ಕೇಳಿದ, ಹಾವು ಇರಲಿಲ್ಲಂತ ಹೇಳಿದಾಕಿ ನೀನ ಏನು ಅಂತ. ಆ ಮಾತು ವರ್ಷದ ಹಿಂದ ನನ್ನ ಬಾಯಾಗಿಂದ ಬರಬೇಕಾಗಿತ್ತು. ನನ್ನ ಮೊಮ್ಮಗಳು ಆಕಿ. ಸೂರಿನ ಆಸೇಕ ಅಂವ ಹಾವು ಅಂದ್ರ ಹೂಂ ಅಂದ್ನಿ. ಯಾರ್ದೋ ಮನಿ ಹುಡುಗಿ ನೀ, ನೀ ಹೇಳೀದಿ. ಬರೇ ಹೌದು ಅನ್ನಾಕೂ ನಾ ಅಂಜಲೇನು?” ಎಂದು ಕೌದಿಯ ತೆರೆದ ಮೂಲೆಯನ್ನು ಕೈಗೆ ತೆಗೆದುಕೊಂಡಳು. “ಅಂಜಿಕಿ ಬಂತು, ಖರೆ. ಆದ್ರೂ ಅಂದಬಿಟ್ನಿ.”

ರೊಟ್ಟಿ ಮುರಿದು ಒಂದು ಚೂರನ್ನು ಮೂಲೆಯೊಳಗೆ ಇಟ್ಟಳು. ಅದು ಸೂರಿಲ್ಲದ ಒಲೆಯ ರೊಟ್ಟಿ, ಅರ್ಧ ಸುಟ್ಟಿತ್ತು. ಸೂಜಿಗೆ ದಾರ ನಾನು ಏರಿಸಿಕೊಟ್ಟೆ, ಅಮ್ಮ ಹೊಲಿದಳು. ಹೊಲಿಗೆ ಮುಗಿಯುವವರೆಗೂ ಮೂವರೂ ಅತ್ತೆವು. ದ್ಯಾಮಿ ಸತ್ತಾಗ ಹೀಗೆ ಅಳಲು ನಮಗೆ ಧೈರ್ಯವಿರಲಿಲ್ಲ.

ಹೋಗುವಾಗ ಹೊಸ್ತಿಲಲ್ಲಿ ನಿಂತು ಹೇಳಿದಳು: “ಆ ಬೆಟಗೇರಿ ಹುಡುಗಿಗೆ ಬರಿ. ತಪ್ಪಾತು ಅಂತ ಅಂವನ ಮುಂದ ನಿಂತು ಅಳೂದು ಬ್ಯಾಡ, ಕ್ಯಾಮೆರಾ ತಗೊಂಡು ಬಾ ಅನ್ನು. ಈ ಸಲ ನಾ ಮಾರಿ ತೋರಿಸಿ ಹೇಳ್ತೀನಿ.”

ನಾನೂ ಅವಳ ಪಕ್ಕದಲ್ಲಿ ಕೂರುತ್ತೇನೆ. ಚೂಡಿದಾರದಲ್ಲೇ ಕೂರುತ್ತೇನೆ, ನನ್ನ ಧ್ವನಿಯನ್ನು ಮುಟ್ಟಬೇಡಿರಿ. ಅಂಜಿಕೆ ಹೋಗಿದೆ ಎಂದು ತಿಳಿಯಬೇಡಿರಿ. ಇದನ್ನು ಬರೆಯುವಾಗಲೂ ಹೊರಗೆ ಜೀಪು ಹಾಯಿತು, ಪೆನ್ನು ಅಲ್ಲಿಯೇ ನಿಂತಿತು, ನೋಡಿರಿ, ಮಸಿ ಚುಕ್ಕೆಯಾಗಿದೆ. ನೀವು ಬಂದ ಮರುದಿನ ನಮ್ಮ ಸೂರೂ ಹೋಗಬಹುದು. ನೀವು ಪುಣೆಗೆ ಹೋಗುತ್ತೀರಿ, ನಾವು ಇಲ್ಲೇ ಇರುತ್ತೇವೆ. ಇದನ್ನು ಮರೆಯದೆ ಬರ್ರಿ.

ಯಾವ ದಿನ ಬರುತ್ತೀರೆಂದು ಸೀದಾ ಊರಿನ ವಿಳಾಸಕ್ಕೇ ಬರೆಯಿರಿ. ಆ ಕಟ್ಟೆಯ ಮೇಲೆಯೇ ಇಳಿಯಲಿ, ಅವರೇ ಎತ್ತಿ ಕೊಡಲಿ.

ಮತ್ತೆ ಈ ಸಲ ಗೋಡೆಗೆ ಕಟ್ಟಲು ಕೌದಿ ಕೇಳಬೇಡಿರಿ. ಆಯಿ ಹೊದ್ದುಕೊಂಡಿರುತ್ತಾಳೆ. ಮನೆಯ ಮೇಲೆ ತಗಡಿಲ್ಲ, ತಂಡಿ ಶುರುವಾಗಿದೆ.

ಯಾಸ್ಮೀನ